ಹಡಗು ಕಟ್ಟುವವರ ಫುಟ್‌ಬಾಲ್ ಕ್ಲಬ್ಬು ಗೆಲ್ಲುತ್ತಿದ್ದಾಗಲೇ ಯಾಕೆ ಮುಚ್ಚಿತು?

ರಾತ್ರಿಮ್ಯಾಚು ಕೇಳಿದ್ದು:

ಎಲ್ಲರಿಗೂ ನಮಸ್ಕಾರ. ನಾನು ಇಂಗ್ಲೆಂಡಿನ ಫುಟ್‌ಬಾಲ್ ನೋಡಲು ಶುರು ಮಾಡಿ ಜಾಸ್ತಿ ದಿನ ಆಗಿಲ್ಲ, ಪ್ರಶ್ನೆ ಪೆದ್ದಾಗಿದ್ದರೆ ನಗಬೇಡಿ. ವೆಸ್ಟ್ ಹ್ಯಾಮ್ ಯುನೈಟೆಡ್ ಆಡುವುದನ್ನು ನೋಡುವಾಗ ಒಂದು ವಿಷಯ ತಲೆ ತಿನ್ನುತ್ತಿತ್ತು. ಆ ತಂಡಕ್ಕೆ ಎಲ್ಲರೂ ‘ಹ್ಯಾಮರ್ಸ್’ ಅಂತಾರೆ, ಲಾಂಛನದಲ್ಲೂ ಎರಡು ಸುತ್ತಿಗೆ ಇವೆ. ಆದರೆ ಗ್ಯಾಲರಿಯಲ್ಲಿರುವ ಜನ ಗಂಟಲು ಹರಿಯುವ ಹಾಗೆ ಕೂಗುವುದು ‘ಐರನ್ಸ್, ಐರನ್ಸ್’ ಅಂತ. ಸುತ್ತಿಗೆ ಸರಿ, ಈ ಕಬ್ಬಿಣ ಎಲ್ಲಿಂದ ಬಂತು?

ಹುಡುಕಿದಾಗ ಥೇಮ್ಸ್ ಐರನ್‌ವರ್ಕ್ಸ್ ಅನ್ನುವ ಹೆಸರು ಸಿಕ್ಕಿತು. ಲಂಡನ್ನಿನ ಪೂರ್ವ ಭಾಗದಲ್ಲಿ ಹಡಗು ಕಟ್ಟುತ್ತಿದ್ದ ಕಂಪನಿ, ಅಲ್ಲಿನ ಕೆಲಸಗಾರರ ಫುಟ್‌ಬಾಲ್ ಕ್ಲಬ್ಬು. ಹುಟ್ಟಿದ್ದು 1895, ಮುಚ್ಚಿದ್ದು 1900. ಐದೇ ವರ್ಷ! ಸೋತು ಸುಣ್ಣವಾಗಿ ಮುಚ್ಚಿದ್ದರೆ ನಾನು ಕೇಳುತ್ತಲೇ ಇರಲಿಲ್ಲ. ಆದರೆ ಇವರು ಲೀಗ್ ಗೆದ್ದಿದ್ದಾರೆ, ಮೇಲಿನ ಡಿವಿಷನ್ನಿಗೆ ಏರಿದ್ದಾರೆ, ಆಡುವುದಕ್ಕೆ ಭಾರಿ ಮೈದಾನ ಬೇರೆ. ಹೀಗೆ ಗೆಲ್ಲುವ ಕ್ಲಬ್ಬನ್ನು ಯಾರಾದರೂ ಮುಚ್ಚುತ್ತಾರಾ? ಇನ್ನೊಂದು, ವೆಸ್ಟ್ ಹ್ಯಾಮ್ ಅಂದರೆ ಅದೇ ಕ್ಲಬ್ಬಾ, ಬೇರೆಯದಾ? ಗೊತ್ತಿರುವವರು ಸ್ವಲ್ಪ ಬಿಡಿಸಿ ಹೇಳಿ.

ಹಳೇಬೂಟು:

ಪೆದ್ದು ಪ್ರಶ್ನೆ ಏನಲ್ಲ ಗುರು. ನನಗೆ ಈ ಕ್ಲಬ್ಬಿನ ಮೇಲೆ ಸ್ವಲ್ಪ ಹುಚ್ಚು ಇದೆ, ಹಾಗಾಗಿ ಉದ್ದ ಆದರೆ ಬೈಯಬೇಡಿ.

ಮೊದಲು ಕಾರ್ಖಾನೆ. ಲೀ ನದಿ ಥೇಮ್ಸ್ ನದಿಗೆ ಸೇರುವ ಮೂಲೆಯಲ್ಲಿ, ಬೋ ಕ್ರೀಕ್ ದಡದಲ್ಲಿ ಇತ್ತು. ಬ್ರಿಟಿಷ್ ನೌಕಾಪಡೆಯ ‘ವಾರಿಯರ್’ 1860ರ ಡಿಸೆಂಬರಿನಲ್ಲಿ ನೀರಿಗಿಳಿದದ್ದು ಇಲ್ಲಿಂದಲೇ. ಒಡಲೂ ಕಬ್ಬಿಣ, ಹೊರಗಿನ ಕವಚವೂ ಕಬ್ಬಿಣ, ಅಂಥ ಯುದ್ಧನೌಕೆ ಬ್ರಿಟಿಷ್ ನೌಕಾಪಡೆಗೆ ಅದೇ ಮೊದಲು. ‘ಐರನ್ಸ್’ ಅನ್ನುವ ಕೂಗು ಈ ಐರನ್‌ವರ್ಕ್ಸ್‌ನಿಂದ ಬಂದದ್ದು. ಸುತ್ತಿಗೆಯೂ ಅಲ್ಲಿಯದೇ, ಅದು ಬಡಗಿಯ ಸುತ್ತಿಗೆ ಅಲ್ಲ, ರಿವೆಟ್, ಅಂದರೆ ತಗಡುಗಳನ್ನು ಸೇರಿಸುವ ದಪ್ಪ ಮೊಳೆ ಹೊಡೆಯುವ ಸುತ್ತಿಗೆ. ಆಗ ಹಡಗಿನ ತಗಡುಗಳನ್ನು ವೆಲ್ಡಿಂಗ್ ಮಾಡುತ್ತಿರಲಿಲ್ಲ. ಒಬ್ಬ ಹುಡುಗ ರಿವೆಟ್ಟನ್ನು ಕೆಂಪಗೆ ಕಾಯಿಸಿ ಕೊಡುತ್ತಿದ್ದ, ಅದನ್ನು ತೂತಿಗೆ ತೂರಿಸಿ ಒಳಗಿನಿಂದ ಒಬ್ಬ ಅದುಮಿ ಹಿಡಿಯುತ್ತಿದ್ದ, ಹೊರಗೆ ಇಬ್ಬರು ಎದುರುಬದುರು ನಿಂತು ಒಬ್ಬರಾದ ಮೇಲೆ ಒಬ್ಬರು ಬಡಿಯುತ್ತಿದ್ದರು. ಒಂದು ಹಡಗಿಗೆ ಇಂಥವು ಲಕ್ಷಗಟ್ಟಲೆ. ಬೆಳಿಗ್ಗೆಯಿಂದ ಸಂಜೆವರೆಗೆ ಹೀಗೆ ಬಡಿದವರು ಶನಿವಾರ ಮಧ್ಯಾಹ್ನ ಬೂಟು ಕಟ್ಟಿ ಮೈದಾನಕ್ಕೆ ಇಳಿಯುತ್ತಿದ್ದರು ಅಂದರೆ ನನಗೆ ಈಗಲೂ ಸೋಜಿಗ.

ಇನ್ನು ಮಾಲೀಕ, ಆರ್ನಾಲ್ಡ್ ಹಿಲ್ಸ್. ಹುಟ್ಟಿದ್ದು 1857ರಲ್ಲಿ, ಓದಿದ್ದು ಹ್ಯಾರೋ ಮತ್ತು ಆಕ್ಸ್‌ಫರ್ಡಿನಲ್ಲಿ. ದುಡ್ಡಿದ್ದವನು ಸುಮ್ನೆ ಕ್ಲಬ್ಬು ಕಟ್ಟಿಸಿದ ಅಂದುಕೊಳ್ಳಬೇಡಿ, ಈತ ನಿಜವಾದ ಆಟಗಾರ. 1877ರ ಎಫ್‌ಎ ಕಪ್ (ಇಂಗ್ಲೆಂಡಿನ ಫುಟ್‌ಬಾಲ್ ಸಂಸ್ಥೆ ಎಫ್‌ಎ ನಡೆಸುವ ಕಪ್ಪು) ಫೈನಲ್ಲಿನಲ್ಲಿ ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದ ಪರವಾಗಿ ಆಡಿ ವಾಂಡರರ್ಸ್ ಎದುರು ಸೋತ. 1879ರಲ್ಲಿ ಇಂಗ್ಲೆಂಡ್ ಪರವಾಗಿ ಸ್ಕಾಟ್ಲೆಂಡ್ ಎದುರು ಆಡಿದ, ಒಂದೇ ಒಂದು ಸಲ, ಆ ಪಂದ್ಯವನ್ನು ಇಂಗ್ಲೆಂಡ್ 5-4ರಲ್ಲಿ ಗೆದ್ದಿತು. ಆಮೇಲೆ 1880ರಲ್ಲಿ ಕಂಪನಿಯ ಆಡಳಿತ ಮಂಡಳಿಗೆ ಬಂದ. ದುಡ್ಡು ತೆಗೆದುಕೊಂಡು ಆಡುವುದು ತಪ್ಪು ಅನ್ನುವ ತಲೆಮಾರಿನವನು, ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಕಾರ್ಖಾನೆಗೆ ಅದರದೇ ಪತ್ರಿಕೆ ಇತ್ತು, ಥೇಮ್ಸ್ ಐರನ್‌ವರ್ಕ್ಸ್ ಗೆಜೆಟ್. 1895ರ ಜೂನಿನಲ್ಲಿ ಅದರಲ್ಲಿ ಒಂದು ಸಣ್ಣ ಸುದ್ದಿ ಬಂತು, ಹಡಗು ವಿಭಾಗದ ಟೇಲರ್ ಬರುವ ಚಳಿಗಾಲಕ್ಕೆ ಫುಟ್‌ಬಾಲ್ ಕ್ಲಬ್ಬು ಕಟ್ಟುತ್ತಾರೆ ಅಂತ. ಈ ಡೇವ್ ಟೇಲರ್ ಫೋರ್‌ಮನ್, ಬಿಡುವಿನಲ್ಲಿ ರೆಫರಿ. ಸುಮಾರು 50 ಜನ ಹೆಸರು ಕೊಟ್ಟರು. ವರ್ಷದ ಚಂದಾ 2 ಶಿಲಿಂಗ್ 6 ಪೆನ್ಸ್. ಅಭ್ಯಾಸ ಎಲ್ಲಿ ಗೊತ್ತಾ? ಬಾರ್ಕಿಂಗ್ ರಸ್ತೆಯ ಒಂದು ಚರ್ಚ್ ಶಾಲೆಯಲ್ಲಿ, ಗ್ಯಾಸ್ ದೀಪದ ಬೆಳಕಿನಲ್ಲಿ ಕವಾಯತು, ಆಮೇಲೆ ರಸ್ತೆಯಲ್ಲಿ ಓಟ. ಆಡಿದವರಲ್ಲಿ ಬಾಯ್ಲರ್ ಮಾಡುವವರು ಇದ್ದರು, ಹಡಗಿನ ಫೈರ್‌ಮನ್ ಇದ್ದ, ಗುಮಾಸ್ತ ಇದ್ದ, ರಿವೆಟ್ ಕೆಲಸ ಕಲಿಯುತ್ತಿದ್ದ ಚಾರ್ಲಿ ಡವ್ ಅನ್ನುವ ಹುಡುಗ ಇದ್ದ.

1895ರ ಸೆಪ್ಟೆಂಬರ್ 7ಕ್ಕೆ ಮೊದಲ ಪಂದ್ಯ, ರಾಯಲ್ ಆರ್ಡ್‌ನೆನ್ಸ್‌ನ ಎರಡನೇ ತಂಡದ ಎದುರು, 1-1 ಡ್ರಾ. ಜಾಗ ಕ್ಯಾನಿಂಗ್ ಟೌನಿನ ಹರ್ಮಿಟ್ ರಸ್ತೆ. ಮೈದಾನ ಅಂತ ಮರ್ಯಾದೆಗೆ ಕರೆಯಬೇಕು ಅಷ್ಟೆ, ಸುತ್ತ ಹಳ್ಳ, ಅದರಾಚೆ ಕ್ಯಾನ್ವಾಸ್ ಪರದೆ. ಅಕ್ಟೋಬರಿನಲ್ಲಿ ಎಫ್‌ಎ ಕಪ್ ಪಂದ್ಯ ಇವರ ಮನೆಯಂಗಳದಲ್ಲೇ ನಡೆಯಬೇಕಿತ್ತು, ಆದರೆ ಟಿಕೆಟ್ ಹಾಕಿ ಜನರನ್ನು ಒಳಗೆ ಬಿಡುವಂಥ ಜಾಗ ಅದಲ್ಲ, ಹಾಗಾಗಿ ಎದುರಾಳಿಗಳ ಊರಾದ ಚ್ಯಾಟಮ್‌ಗೇ ಹೋಗಿ ಆಡಿ 5-0 ಸೋತು ಬಂದರು.

ಆದರೆ ಅದೇ ಮೊದಲ ವರ್ಷದಲ್ಲಿ ಇವರು ಮಾಡಿದ ಒಂದು ಕೆಲಸ ನನಗೆ ಎಲ್ಲ ಕಪ್ಪುಗಳಿಗಿಂತ ಇಷ್ಟ. ರಾತ್ರಿ ಪಂದ್ಯ! 1895ರ ಡಿಸೆಂಬರಿನಲ್ಲೇ. ಕಾರ್ಖಾನೆಯ ಎಂಜಿನಿಯರುಗಳು ಬಂದು ಕಂಬ ನೆಟ್ಟು ವಿದ್ಯುತ್ ದೀಪ ಕಟ್ಟಿದರು, ಡೈನಮೋ ಓಡಿಸಿದರು. ಆ ಬೆಳಕಿನಲ್ಲಿ ಕಂದು ಬಣ್ಣದ ತೊಗಲಿನ ಚೆಂಡು ಕಾಣುತ್ತಿರಲಿಲ್ಲ, ಅದಕ್ಕೆ ಆಗಾಗ ಚೆಂಡನ್ನು ಸುಣ್ಣದ ನೀರಿನ ಬಕೆಟ್ಟಿಗೆ ಅದ್ದಿ ತೆಗೆದು ಆಡುತ್ತಿದ್ದರು. ಹೆಡ್ ಮಾಡಿದವನ ಹಣೆ ಹೇಗಿದ್ದಿರಬೇಕು ಊಹಿಸಿಕೊಳ್ಳಿ. 1896ರ ಮಾರ್ಚಿನಲ್ಲಿ ವೂಲಿಚ್ ಆರ್ಸೆನಲ್ ಮತ್ತು ವೆಸ್ಟ್ ಬ್ರಾಮ್‌ವಿಚ್ ಆಲ್ಬಿಯನ್ ತಂಡಗಳು ಕೂಡ ಈ ದೀಪದಡಿ ಬಂದು ಆಡಿದವು. ಹೊಸ ಕಾರ್ಖಾನೆ ತಂಡಕ್ಕೆ ಇದು ಸಣ್ಣ ವಿಷಯ ಅಲ್ಲ, ಅಲ್ವಾ? ಆ ವರ್ಷವೇ ವೆಸ್ಟ್ ಹ್ಯಾಮ್ ಚಾರಿಟಿ ಕಪ್ಪನ್ನೂ ಗೆದ್ದರು.

ಆಮೇಲಿನದು ಬೇಗ ಹೇಳುತ್ತೇನೆ. 1896ರಲ್ಲಿ ಹರ್ಮಿಟ್ ರಸ್ತೆಯಿಂದ ಎಬ್ಬಿಸಿದರು. ಕಾರಣ ಕೇಳಿದರೆ ನಗು ಬರುತ್ತದೆ, ಬಾಡಿಗೆ ಕರಾರು ಮೀರಿ ಬೇಲಿ ಹಾಕಿ ಟಿಕೆಟ್ ವಸೂಲಿ ಮಾಡಿದ್ದು. ಬೇಲಿ ಇಲ್ಲ ಅಂತ ಚ್ಯಾಟಮ್‌ಗೆ ಹೋಗಿ ಐದು ಗೋಲು ತಿಂದರು, ಬೇಲಿ ಹಾಕಿದ್ದಕ್ಕೆ ಜಾಗವನ್ನೇ ಕಳೆದುಕೊಂಡರು. ಆ ವರ್ಷದ ಉಳಿದ ಪಂದ್ಯಗಳು ಈಸ್ಟ್ ಹ್ಯಾಮಿನ ಬ್ರೌನಿಂಗ್ ರಸ್ತೆಯಲ್ಲಿ. ಆದರೂ ಹೊಸದಾಗಿ ಶುರುವಾದ ಲಂಡನ್ ಲೀಗಿನಲ್ಲಿ ಎರಡನೇ ಸ್ಥಾನ, ಮುಂದಿನ ವರ್ಷ, ಅಂದರೆ 1897-98ರಲ್ಲಿ, ಬ್ರೆಂಟ್‌ಫರ್ಡನ್ನು ಹಿಂದೆ ಹಾಕಿ ಮೊದಲ ಸ್ಥಾನ. 1898ರಲ್ಲಿ ಸದರ್ನ್ ಲೀಗಿನ ಎರಡನೇ ಡಿವಿಷನ್ ಸೇರಿದರು, ಸಂಬಳದ ಆಟಗಾರರನ್ನು ಇಟ್ಟುಕೊಂಡರು, ಅದನ್ನೂ ಗೆದ್ದರು. 1899-1900ರಲ್ಲಿ ಮೊದಲ ಡಿವಿಷನ್. ಅಲ್ಲಿ 14ನೇ ಸ್ಥಾನಕ್ಕೆ ಇಳಿದು, ಉಳಿದುಕೊಳ್ಳಲು ಫುಲ್‌ಹ್ಯಾಮ್ ಎದುರು ಪ್ಲೇಆಫ್ ಆಡಬೇಕಾಯಿತು. 5-1ರಲ್ಲಿ ಗೆದ್ದರು. ಅದಾಗಿ ಎರಡು ತಿಂಗಳಿಗೆ ಕ್ಲಬ್ಬೇ ಇಲ್ಲ.

ನಿಮ್ಮ ‘ಯಾಕೆ’ಗೆ ನನ್ನ ಉತ್ತರ: ಗೆದ್ದಿದ್ದೇ ಕಾರಣ. ಮೇಲೆ ಹೋದಷ್ಟೂ ಒಳಗಿನ ಹುಡುಗರು ಸಾಲದೆ ಹೊರಗಿನವರನ್ನು ತರಬೇಕಾಯಿತು. ಹೊರಗಿನವರು ಬಂದಷ್ಟೂ ಅದು ಕಾರ್ಖಾನೆಯ ಕ್ಲಬ್ಬಾಗಿ ಉಳಿಯಲಿಲ್ಲ. 1899ರಲ್ಲಿ ಹಿಲ್ಸ್ ಗೆಜೆಟ್ಟಿನಲ್ಲೇ ಇದರ ಬಗ್ಗೆ ಬೇಸರದಿಂದ ಬರೆದ. ಬ್ಯಾಂಡಿನಲ್ಲೂ ಫುಟ್‌ಬಾಲಿನಲ್ಲೂ ನಮ್ಮವರಲ್ಲದವರು ದುಡ್ಡಿಗಾಗಿ ನಮ್ಮ ಹೆಸರಿನಲ್ಲಿ ನಿಲ್ಲುತ್ತಿದ್ದಾರೆ, ಇದು ಅಪಾಯ ಅನ್ನುವುದು ಆತನ ಮಾತಿನ ಸಾರ. ಆದರೆ ಆ ಆಟಗಾರರಿಗೆ ದುಡ್ಡು ಹೋಗುತ್ತಿದ್ದದ್ದು ಯಾರ ಜೇಬಿನಿಂದ? ಆತನದೇ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು ಅಂದರೆ ಆಗುತ್ತದಾ?

ಎಂಟುಗಂಟೆ:

ಹಳೇಬೂಟು ಅವರೇ, ಚೆನ್ನಾಗಿ ಬರೆದಿದ್ದೀರಿ, ಆದರೆ ಹಿಲ್ಸ್ ಸಾಹೇಬರನ್ನು ಸ್ವಲ್ಪ ಜಾಸ್ತಿ ಮೆತ್ತಗೆ ಬಿಟ್ಟಿರಿ ಅನ್ನಿಸಿತು.

ಈ ಕ್ಲಬ್ಬು ಹುಟ್ಟುವುದಕ್ಕೆ ಕೆಲವೇ ವರ್ಷ ಹಿಂದೆ ಪೂರ್ವ ಲಂಡನ್ ಕೊತಕೊತ ಕುದಿಯುತ್ತಿತ್ತು. 1889ರಲ್ಲಿ ಬಂದರು ಕೂಲಿಗಳ ದೊಡ್ಡ ಮುಷ್ಕರ. ಅದಾದ ಮೇಲೆ ಐರನ್‌ವರ್ಕ್ಸ್‌ನಲ್ಲೂ ಒಂದರ ಹಿಂದೆ ಒಂದು ಮುಷ್ಕರ. ಆಗ ಹಿಲ್ಸ್ ಏನು ಮಾಡಿದರು? ಯೂನಿಯನ್ ಸೇರದ ಜನರನ್ನು ಹೊರಗಿನಿಂದ ತಂದು ಕೆಲಸ ಮಾಡಿಸಿದರು. ಅಲ್ಲಿನ ಕೆಲಸಗಾರರು ಇದನ್ನು ಮರೆಯಲಿಲ್ಲ. ಹೊರಗಿನವರು ನಮ್ಮ ಹೆಸರಿನಲ್ಲಿ ಆಡುತ್ತಿದ್ದಾರೆ ಅಂತ 1899ರಲ್ಲಿ ಕೊರಗಿದ ಮನುಷ್ಯ, ಹತ್ತು ವರ್ಷದ ಹಿಂದೆ ಮುಷ್ಕರ ಮುರಿಯಲು ತಂದದ್ದು ಯಾರನ್ನು? ಇದನ್ನು ಓದಿದಾಗ ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಈ ಜಗಳ ಆದ ಮೇಲೆಯೇ ಬಂದದ್ದು ಲಾಭದಲ್ಲಿ ಪಾಲು ಕೊಡುವ ‘ಗುಡ್ ಫೆಲೋಶಿಪ್’ ಯೋಜನೆ, ಎಂಟು ಗಂಟೆ ಕೆಲಸ, ಗೆಜೆಟ್ಟು, ಕ್ಲಬ್ಬುಗಳು. ಫುಟ್‌ಬಾಲ್ ಒಂದೇ ಅಲ್ಲ ಸ್ವಾಮಿ, ಕ್ರಿಕೆಟ್, ದೋಣಿ, ಸೈಕಲ್, ಬ್ಯಾಂಡು, ಹೆಂಡ ಬಿಡುವವರ ಸಂಘ, ಏನುಂಟು ಏನಿಲ್ಲ. ಕೆಲಸಗಾರ ಬಿಡುವಿನಲ್ಲಿ ಪಬ್ಬಿಗೂ ಹೋಗಬಾರದು, ಯೂನಿಯನ್ ಸಭೆಗೂ ಹೋಗಬಾರದು ಅನ್ನುವ ಲೆಕ್ಕ ಇದರಲ್ಲಿ ಇರಲೇ ಇಲ್ಲ ಅಂತ ನನಗೆ ಯಾರೂ ಹೇಳಬೇಡಿ.

ನ್ಯಾಯವಾಗಿ ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಎಂಟು ಗಂಟೆ ಕೆಲಸ ಅನ್ನುವುದನ್ನು ಆ ಕಾಲಕ್ಕೆ ತಾನಾಗಿ ಒಪ್ಪಿದ ಮಾಲೀಕರು ಬೆರಳೆಣಿಕೆ. ಆ ಮನುಷ್ಯ ಬಂಗಲೆಯಲ್ಲಿ ಕೂತು ಉಪದೇಶ ಮಾಡಿದವನೂ ಅಲ್ಲ, ಕೆಲವು ವರ್ಷ ಕಾರ್ಖಾನೆಯ ಹತ್ತಿರವೇ ಸಣ್ಣ ಮನೆಯಲ್ಲಿ ಇದ್ದ. ಹಾಗಾಗಿ ಪೂರ್ತಿ ಕಪಟಿ ಅನ್ನಲಾರೆ. ಆದರೆ ಶನಿವಾರದ ಅರ್ಧ ದಿನ ರಜೆ ಮಾಲೀಕರು ಪ್ರೀತಿಯಿಂದ ಕೊಟ್ಟದ್ದಲ್ಲ. 1850ರ ಫ್ಯಾಕ್ಟರಿ ಕಾಯ್ದೆ ಬಟ್ಟೆ ಗಿರಣಿಗಳಿಗೆ ಶನಿವಾರ ಮಧ್ಯಾಹ್ನ 2 ಗಂಟೆಗೆ ಕೆಲಸ ನಿಲ್ಲಿಸಬೇಕು ಅಂದಿತು, ಬೇರೆ ಕಸುಬಿನವರು ಕೇಳಿ, ಹೋರಾಡಿ ಒಬ್ಬೊಬ್ಬರಾಗಿ ಪಡೆದುಕೊಂಡರು. ಇಂಗ್ಲೆಂಡಿನಲ್ಲಿ ಪಂದ್ಯ ಶನಿವಾರ ಮಧ್ಯಾಹ್ನ ಮೂರಕ್ಕೆ ಶುರುವಾಗುವ ರೂಢಿ ಬೆಳೆದದ್ದೇ ಅಲ್ಲಿಂದ. ಮೈದಾನ ಮಾಲೀಕನದ್ದು ಇರಬಹುದು, ಆಡುವುದಕ್ಕೆ ಸಿಕ್ಕ ಹೊತ್ತು ಕೆಲಸಗಾರರದ್ದು.

ರಾತ್ರಿಮ್ಯಾಚು:

ಅಬ್ಬಾ, ಇಷ್ಟೊಂದು ಸಿಗುತ್ತದೆ ಅಂದುಕೊಂಡಿರಲಿಲ್ಲ. ಥ್ಯಾಂಕ್ಸ್ ಇಬ್ಬರಿಗೂ.

ಒಂದು ಅನುಮಾನ. ಇವರ ದೊಡ್ಡ ಮೈದಾನದ ಹೆಸರು ಮೆಮೋರಿಯಲ್ ಗ್ರೌಂಡ್ಸ್ ಅಂತ ಓದಿದೆ. ಇದೇ ಕಾರ್ಖಾನೆಯಲ್ಲಿ ಒಂದು ಹಡಗು ನೀರಿಗಿಳಿಸುವಾಗ ತುಂಬ ಜನ ಸತ್ತರಂತೆ. ಅವರ ನೆನಪಿಗೆ ಕಟ್ಟಿದ ಮೈದಾನವಾ ಅದು?

ಹಳೇಬೂಟು:

ಹಾಗೆ ಅನ್ನಿಸುವುದು ಸಹಜ, ಆದರೆ ತಾರೀಖು ಕೂಡುವುದಿಲ್ಲ. ಮೈದಾನ ತೆರೆದದ್ದು 1897ರ ಜೂನ್ 22ಕ್ಕೆ, ವಿಕ್ಟೋರಿಯಾ ರಾಣಿ ಪಟ್ಟಕ್ಕೆ ಬಂದು ಅರವತ್ತು ವರ್ಷ ತುಂಬಿದ ಹಬ್ಬದ ದಿನ. ಹೆಸರು ಆ ಹಬ್ಬದ ನೆನಪಿಗೆ. ನೀವು ಹೇಳುವ ದುರಂತ ಆದದ್ದು ಅದರ ಮುಂದಿನ ವರ್ಷ, 1898ರ ಜೂನ್ 21ರಂದು.

ಆ ಹಡಗಿನ ಹೆಸರು ‘ಆಲ್ಬಿಯನ್’. ನೀರಿಗಿಳಿಸಲು ಯಾರ್ಕಿನ ಡಚೆಸ್ ಬಂದಿದ್ದರು, ಕಾರ್ಖಾನೆಗೆ ರಜೆ, ನೋಡಲು ಹೆಂಡತಿ ಮಕ್ಕಳ ಸಮೇತ ಊರೇ ಬಂದಿತ್ತು. ಬೋ ಕ್ರೀಕ್ ಅಗಲ ಇಲ್ಲದ ಜಾಗ. ಅಷ್ಟು ದೊಡ್ಡ ಹಡಗು ಒಮ್ಮೆಲೇ ನೀರಿಗೆ ಜಾರಿದಾಗ ಎದ್ದ ಅಲೆ ಪಕ್ಕದಲ್ಲಿ ಜನ ತುಂಬಿ ನಿಂತಿದ್ದ ಮರದ ಅಟ್ಟವನ್ನು ಮುರಿದು ಕೆಡವಿತು. ಸುತ್ತಲಿನ ಜೈಕಾರದಲ್ಲಿ ಮುಳುಗುವವರ ಕೂಗು ಬಹಳ ಜನಕ್ಕೆ ಕೇಳಿಸಲೇ ಇಲ್ಲ. ಮೂವತ್ತಕ್ಕೂ ಹೆಚ್ಚು ಜನ ಸತ್ತರು. ಅವರಲ್ಲಿ ಹಲವರನ್ನು ಹೂತದ್ದು ಪ್ಲೇಸ್ಟೋವಿನ ಈಸ್ಟ್ ಲಂಡನ್ ಸ್ಮಶಾನದಲ್ಲಿ. ಅಂತ್ಯಕ್ರಿಯೆಯ ಖರ್ಚನ್ನು ಹಿಲ್ಸ್ ಕೊಟ್ಟ, ಮನೆಮನೆಗೆ ಹೋಗಿಯೂ ಬಂದ.

ಇನ್ನು ಮೈದಾನದ ಮಾತು. ಪ್ಲೇಸ್ಟೋವಿನಲ್ಲಿ, ಖರ್ಚು 20,000 ಪೌಂಡ್, ಎಲ್ಲ ಹಿಲ್ಸನದೇ. ಸೈಕಲ್ ಟ್ರ್ಯಾಕು, ಓಟದ ಟ್ರ್ಯಾಕು, ಟೆನಿಸ್ ಅಂಗಳ, ದೊಡ್ಡ ಈಜುಕೊಳ. ಒಂದು ಲಕ್ಷಕ್ಕೂ ಮೇಲೆ ಜನ ಹಿಡಿಸುತ್ತದೆ ಅಂತ ಕೊಚ್ಚಿಕೊಂಡರು. ಬಂದದ್ದು ಎಷ್ಟು ಜನ ಅಂತ ಕೇಳಬೇಡಿ, ಅಷ್ಟು ದೊಡ್ಡ ಬಟ್ಟಲಿನಲ್ಲಿ ಸಾವಿರ ಎರಡು ಸಾವಿರ ಜನ ಕೂತರೆ ಖಾಲಿ ಹೊಡೆಯುತ್ತದೆ. ಹತ್ತಿರ ರೈಲು ನಿಲ್ದಾಣವೂ ಇರಲಿಲ್ಲ. ಹಿಲ್ಸ್ ಅದಕ್ಕೆ ಬಹಳ ಓಡಾಡಿದ. ಕೊನೆಗೆ ವೆಸ್ಟ್ ಹ್ಯಾಮ್ ನಿಲ್ದಾಣ ತೆರೆದದ್ದು 1901ರಲ್ಲಿ. ಕೋಟೆ ಕೊಳ್ಳೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗೆ, ಅಷ್ಟು ಹೊತ್ತಿಗೆ ಕ್ಲಬ್ಬು ಮುಚ್ಚಿಯಾಗಿತ್ತು.

ಎಂಟುಗಂಟೆ ಅವರಿಗೆ: ಒಪ್ಪಿದೆ ಸರ್. ಮುಷ್ಕರದ ಭಾಗ ನಾನು ಬಿಟ್ಟದ್ದು ತಪ್ಪೇ.

ಪುಟ್ಟಕ್ಕ:

ಹಿಲ್ಸ್ ಅನ್ನುವ ಹೆಸರು ಎಲ್ಲೋ ಕೇಳಿದ್ದೇನಲ್ಲ ಅಂತ ಮೇಲಿನಿಂದ ಓದುತ್ತಾ ಬಂದೆ, ಈಗ ನೆನಪಾಯಿತು. ಗಾಂಧೀಜಿ! ಇವರು ಅದೇ ಹಿಲ್ಸ್.

ಗಾಂಧಿ ವಕೀಲಿ ಓದಲು ಲಂಡನ್ನಿಗೆ ಹೋದದ್ದು 1888ರಲ್ಲಿ. ಅಲ್ಲಿ ಸಸ್ಯಾಹಾರಿಗಳ ಸಂಘ ಸೇರಿ, ಅದರ ಕಾರ್ಯಕಾರಿ ಸಮಿತಿಗೂ ಹೋದರು. ಆ ಸಂಘದ ಅಧ್ಯಕ್ಷರು ಇದೇ ಆರ್ನಾಲ್ಡ್ ಹಿಲ್ಸ್, ಸಂಘ ನಡೆಯುತ್ತಿದ್ದದ್ದೂ ಹೆಚ್ಚುಕಮ್ಮಿ ಅವರ ದುಡ್ಡಿನಲ್ಲೇ. ಡಾಕ್ಟರ್ ಆಲಿನ್ಸನ್ ಅನ್ನುವ ಸದಸ್ಯರು ಸಂತಾನ ನಿಯಂತ್ರಣದ ಪರವಾಗಿ ಮಾತಾಡುತ್ತಿದ್ದರು. ಹಿಲ್ಸ್‌ಗೆ ಅದು ಮಹಾ ಅನೀತಿ, ಅವರನ್ನು ಸಂಘದಿಂದ ತೆಗೆಯಬೇಕು ಅಂದರು. ಗಾಂಧಿಗೆ ಆಲಿನ್ಸನ್ ವಿಚಾರ ಒಪ್ಪಿಗೆ ಇರಲಿಲ್ಲ, ಆದರೆ ಅದಕ್ಕೂ ಸೊಪ್ಪು ತರಕಾರಿ ತಿನ್ನುವುದಕ್ಕೂ ಏನು ಸಂಬಂಧ, ಆ ಕಾರಣಕ್ಕೆ ಯಾಕೆ ತೆಗೆಯಬೇಕು ಅನ್ನುವುದು ಅವರ ವಾದ. ಎದ್ದು ನಿಂತು ಓದಲು ನಾಚಿಕೆಯಾಗಿ, ಬರೆದುಕೊಂಡು ಹೋದದ್ದನ್ನು ಬೇರೆಯವರ ಕೈಲಿ ಓದಿಸಿದರು. ಕೊನೆಗೆ ಗೆದ್ದದ್ದು ಹಿಲ್ಸ್ ಪಕ್ಷವೇ. ಗಾಂಧೀಜಿ ತಮ್ಮ ಆತ್ಮಕತೆಯಲ್ಲಿ ಇದನ್ನೆಲ್ಲ ಹೇಳಿಕೊಂಡಿದ್ದಾರೆ, ಹಿಲ್ಸ್ ಥೇಮ್ಸ್ ಐರನ್‌ವರ್ಕ್ಸ್ ಮಾಲೀಕರು ಅಂತಲೂ ಬರೆದಿದ್ದಾರೆ.

ಫುಟ್‌ಬಾಲ್ ನನಗೆ ಅಷ್ಟಾಗಿ ಗೊತ್ತಿಲ್ಲ. ಆದರೆ ದುಡ್ಡು ನನ್ನದು, ನಿಯಮವೂ ನನ್ನದು ಅನ್ನುವ ಸ್ವಭಾವ ಎರಡು ಕಡೆಯೂ ಒಂದೇ ಥರ ಕಾಣುತ್ತದೆ.

ಎಂಟುಗಂಟೆ:

ಪುಟ್ಟಕ್ಕ, ಭಲೇ! ಇದು ನನಗೆ ತಿಳಿದೇ ಇರಲಿಲ್ಲ.

ಲೆಕ್ಕದಪುಸ್ತಕ:

ತಡವಾಗಿ ಬಂದೆ, ಎರಡು ಮಾತು ಸೇರಿಸುತ್ತೇನೆ. ಹಳೇಬೂಟು ಅವರ ‘ಗೆದ್ದಿದ್ದೇ ಕಾರಣ’ ಅನ್ನುವ ಮಾತು ಅರ್ಧ ಸರಿ. ಉಳಿದರ್ಧ ಕಂಪನಿಯ ಲೆಕ್ಕದಲ್ಲಿದೆ.

ಮೊದಲು ಯಾರೂ ಹೇಳದ ಒಂದು ಹೆಸರು. ಥೇಮ್ಸ್ ಐರನ್‌ವರ್ಕ್ಸ್ ಆಡಲು ಶುರು ಮಾಡಿದ ಹರ್ಮಿಟ್ ರಸ್ತೆಯ ಜಾಗ ಅವರಿಗೆ ಸುಮ್ನೆ ಸಿಕ್ಕಿದ್ದಲ್ಲ. ಅಲ್ಲಿ ಮೊದಲು ಓಲ್ಡ್ ಕ್ಯಾಸಲ್ ಸ್ವಿಫ್ಟ್ಸ್ ಅಂತ ಒಂದು ಕ್ಲಬ್ಬಿತ್ತು, ಡೊನಾಲ್ಡ್ ಕರಿ ಅವರ ಕ್ಯಾಸಲ್ ಲೈನ್ ಹಡಗು ಕಂಪನಿಯ ನೌಕರರದು. 1892ರಲ್ಲಿ ಹುಟ್ಟಿ 1895ರಲ್ಲಿ ದುಡ್ಡಿಲ್ಲದೆ ಕಣ್ಮುಚ್ಚಿತು. ಜಾಗವೂ ಕೆಲವು ಆಟಗಾರರೂ ಐರನ್‌ವರ್ಕ್ಸ್‌ಗೆ ಬಂದರು. ನಿಮ್ಮದು ಐದೇ ವರ್ಷ ಅಂತ ಅಚ್ಚರಿಪಡುತ್ತಿದ್ದೀರಿ, ಅದರ ಪಕ್ಕದ್ದು ಮೂರೇ ವರ್ಷ.

ಅದೇ ಕಾಲದ ಬೇರೆ ಕಾರ್ಖಾನೆ ತಂಡಗಳನ್ನು ನೋಡಿ. ಆರ್ಸೆನಲ್ 1886ರಲ್ಲಿ ವೂಲಿಚ್ಚಿನ ಮದ್ದುಗುಂಡಿನ ಕಾರ್ಖಾನೆಯ ಡಯಲ್ ಸ್ಕ್ವೇರ್ ವಿಭಾಗದ ಕೆಲಸಗಾರರಿಂದ. ಮಿಲ್‌ವಾಲ್ 1885ರಲ್ಲಿ ಐಲ್ ಆಫ್ ಡಾಗ್ಸಿನ ಮಾರ್ಟನ್ ಜಾಮ್ ಕಾರ್ಖಾನೆಯಿಂದ. ಮ್ಯಾಂಚೆಸ್ಟರ್ ಯುನೈಟೆಡ್ 1878ರಲ್ಲಿ ನ್ಯೂಟನ್ ಹೀತ್ ರೈಲ್ವೆ ಕೆಲಸಗಾರರಿಂದ. ಕವೆಂಟ್ರಿ ಸಿಟಿ 1883ರಲ್ಲಿ ಸಿಂಗರ್ ಸೈಕಲ್ ಕಾರ್ಖಾನೆಯಿಂದ. ಇವರಲ್ಲಿ ಯಾರೂ ಕೊನೆತನಕ ಕಾರ್ಖಾನೆ ತಂಡವಾಗಿ ಉಳಿಯಲಿಲ್ಲ. ಆರ್ಸೆನಲ್ ಅಂತೂ 1893ಕ್ಕೇ ಷೇರು ಕಂಪನಿ ಆಯಿತು. 1885ರಲ್ಲಿ ಸಂಬಳ ಕೊಟ್ಟು ಆಡಿಸುವುದನ್ನು ಎಫ್‌ಎ ಒಪ್ಪಿದ ದಿನವೇ ಕಾರ್ಖಾನೆ ತಂಡಗಳ ಮುಂದೆ ಎರಡೇ ದಾರಿ ಉಳಿದವು. ಒಂದೋ ಊರಿನ ಮಟ್ಟದಲ್ಲಿ ಸಂತೋಷಕ್ಕೆ ಆಡಿಕೊಂಡಿರುವುದು, ಇಲ್ಲವೋ ಕಾರ್ಖಾನೆಯನ್ನು ಬಿಟ್ಟು ಬೆಳೆಯುವುದು.

ಥೇಮ್ಸ್ ಐರನ್‌ವರ್ಕ್ಸ್‌ನ ಕಷ್ಟ ಏನಂದರೆ ಅದು ಒಬ್ಬ ಮಾಲೀಕನ ಜೇಬಿಗೆ ಕಟ್ಟಿದ ಕ್ಲಬ್ಬು. 1899ರಲ್ಲಿ ಮೇಲಿನ ಡಿವಿಷನ್ನಿಗೆ ಅಂತ ಟಾಟನ್‌ಹ್ಯಾಮಿನಿಂದ ಕೆನ್ನಿ ಮೆಕೇ, ಬಿಲ್ ಜಾಯ್ಸ್, ಟಾಮ್ ಬ್ರ್ಯಾಡ್‌ಶಾ ಅಂಥವರನ್ನು ತಂದರು. ನ್ಯೂ ಬ್ರಾಂಪ್ಟನ್‌ನಿಂದ ಸಿಡ್ ಕಿಂಗ್ ಬಂದ. ಇಂಥವರಿಗೆಲ್ಲ ವಾರ ವಾರ ಸಂಬಳ. ಪಾಪ, ಬ್ರ್ಯಾಡ್‌ಶಾ ಹೆಚ್ಚು ದಿನ ಆಡಲೂ ಇಲ್ಲ, ಅದೇ ವರ್ಷ ಕ್ರಿಸ್‌ಮಸ್ ದಿನ ಕ್ಷಯದಿಂದ ತೀರಿಕೊಂಡ.

ಈಗ ಕಂಪನಿಯ ಕಡೆ ಬನ್ನಿ. 1899ರಲ್ಲೇ ಅದು ಗ್ರಿನಿಚ್ಚಿನ ಜಾನ್ ಪೆನ್ ಅಂಡ್ ಸನ್ಸ್ ಅನ್ನುವ ಹಡಗಿನ ಎಂಜಿನ್ ಮಾಡುವ ಕಂಪನಿಯನ್ನು ಕೊಂಡುಕೊಂಡಿತು. ಅದಕ್ಕೆ ಬಂಡವಾಳ ಬೇಕು, ಬಂಡವಾಳಕ್ಕೆ ಹೊರಗಿನ ಷೇರುದಾರರು ಬೇಕು. ಷೇರುದಾರ ಬಂದ ಮೇಲೆ ಆತ ಕೇಳುವ ಮೊದಲ ಪ್ರಶ್ನೆ, ಹಡಗು ಕಟ್ಟುವ ದುಡ್ಡಿನಲ್ಲಿ ಸೆಂಟರ್ ಫಾರ್ವರ್ಡಿಗೆ ಯಾಕೆ ಸಂಬಳ? ಹಿಲ್ಸ್ ಹತ್ತಿರ ಅದಕ್ಕೆ ಉತ್ತರ ಇರಲಿಲ್ಲ. ಕ್ಲಬ್ಬನ್ನೇ ಷೇರು ಕಂಪನಿ ಮಾಡಿ, 10 ಶಿಲಿಂಗಿಗೆ ಒಂದರಂತೆ ಮಾರಿ, ಊರಿನವರ ಕೈಗೆ ಕೊಡಿ ಅಂದ. 1900ರ ಜೂನಿನಲ್ಲಿ ಥೇಮ್ಸ್ ಐರನ್‌ವರ್ಕ್ಸ್ ಕ್ಲಬ್ಬು ಬರಖಾಸ್ತು, ಜುಲೈ 5ಕ್ಕೆ ವೆಸ್ಟ್ ಹ್ಯಾಮ್ ಯುನೈಟೆಡ್. ಯಾರೂ ಕತ್ತು ಹಿಸುಕಿದ್ದಲ್ಲ, ಕೈತೊಳೆದುಕೊಂಡದ್ದು ಅನ್ನಬಹುದು. ಆದರೂ ತೀರಾ ನಡುನೀರಿನಲ್ಲಿ ಬಿಡಲಿಲ್ಲ, 1904ರವರೆಗೂ ಹೊಸ ಕ್ಲಬ್ಬು ಆಡಿದ್ದು ಆತನ ಮೆಮೋರಿಯಲ್ ಗ್ರೌಂಡ್ಸ್‌ನಲ್ಲೇ. ಆಮೇಲೆ ಬೊಲಿನ್ ಗ್ರೌಂಡಿಗೆ ಹೋಯಿತು.

ಅದೇ ಕ್ಲಬ್ಬಾ ಬೇರೆಯಾ ಅಂತ ಕೇಳಿದ್ದಿರಿ. ಕಾಗದದ ಮೇಲೆ ಬೇರೆ. ಆದರೆ ಆಟಗಾರರಲ್ಲಿ ಬಹಳ ಜನ ಅವರೇ, ಮೈದಾನ ಅದೇ, ಸದರ್ನ್ ಲೀಗಿನಲ್ಲಿ ಜಾಗವೂ ಅದೇ. ರಿವೆಟ್ ಕಲಿಯುತ್ತಿದ್ದ ಹುಡುಗ ಚಾರ್ಲಿ ಡವ್ ಮೊದಲ ವರ್ಷದಿಂದ ಇದ್ದವನು, ವೆಸ್ಟ್ ಹ್ಯಾಮ್‌ಗೂ ಆಡಿದ. ಸಿಡ್ ಕಿಂಗ್ ಮುಂದೆ ವೆಸ್ಟ್ ಹ್ಯಾಮಿನ ಮ್ಯಾನೇಜರಾಗಿ ಮೂವತ್ತು ವರ್ಷ ಇದ್ದ. ಕ್ಲಬ್ಬಿನವರೂ ತಮ್ಮ ಹುಟ್ಟಿದ ವರ್ಷ 1895 ಅಂತಲೇ ಎಣಿಸುತ್ತಾರೆ. ಹೊಸ ಹೆಸರಿನ ಮೊದಲ ಲೀಗ್ ಪಂದ್ಯದಲ್ಲಿ ಗ್ರೇವ್ಸೆಂಡ್ ತಂಡಕ್ಕೆ 7-0 ಬಾರಿಸಿದರು, ಅದರಲ್ಲಿ ನಾಲ್ಕು ಗೋಲು ಬಿಲ್ಲಿ ಗ್ರಾಸಮ್‌ನದು.

ಹಳೇಬೂಟು:

ಜಾನ್ ಪೆನ್ ವಿಷಯ ನನಗೆ ಹೊಳೆದಿರಲಿಲ್ಲ, ಒಳ್ಳೆಯದಾಯಿತು. ಆದರೂ ನನ್ನ ಮಾತು ಪೂರ್ತಿ ಬಿಡುವುದಿಲ್ಲ. ಆ ತಂಡ ಲಂಡನ್ ಲೀಗಿನಲ್ಲೇ ಸುಖವಾಗಿ ಇದ್ದಿದ್ದರೆ ಖರ್ಚು ಎಷ್ಟಾಗುತ್ತಿತ್ತು? ಷೇರುದಾರರ ಕಣ್ಣಿಗೂ ಬೀಳುತ್ತಿರಲಿಲ್ಲ.

ಲೆಕ್ಕದಪುಸ್ತಕ:

ಹಾಗೆ ಇದ್ದಿದ್ದರೆ 1912ರವರೆಗೆ ನಡೆಯುತ್ತಿತ್ತು ಅಷ್ಟೆ. ಕಾರ್ಖಾನೆಯೇ ಆ ವರ್ಷ ಮುಚ್ಚಿತಲ್ಲ. ಕಬ್ಬಿಣ, ಕಲ್ಲಿದ್ದಲು ಎರಡೂ ಉತ್ತರದಲ್ಲಿ, ಕ್ಲೈಡ್ ಮತ್ತು ಟೈನ್ ನದಿಗಳ ಕಡೆ ಹಡಗು ಅಗ್ಗಕ್ಕೆ ಆಗುತ್ತಿತ್ತು, ಲಂಡನ್ನಿಗೆ ಪೈಪೋಟಿ ಕೊಡಲು ಆಗಲಿಲ್ಲ. ಕೊನೆಯ ದೊಡ್ಡ ಯುದ್ಧನೌಕೆ ‘ಥಂಡರರ್’ 1911ರಲ್ಲಿ ನೀರಿಗಿಳಿಯಿತು. ಅಷ್ಟು ಹೊತ್ತಿಗೆ ಹಿಲ್ಸ್ ಸಂಧಿವಾತದಿಂದ ನಡೆಯಲಾರದೆ ಹಾಸಿಗೆ ಹಿಡಿದಿದ್ದ. ಕಾರ್ಖಾನೆ ಹೋಯಿತು, ಓಡಿಸಿ ಕಳಿಸಿದ ಕ್ಲಬ್ಬು ಉಳಿಯಿತು.

ರಾತ್ರಿಮ್ಯಾಚು:

ನನ್ನ ಪ್ರಶ್ನೆಗೆ ಉತ್ತರ ಸಿಕ್ಕಿತು, ಜೊತೆಗೆ ಗಾಂಧೀಜಿಯೂ ಸಿಕ್ಕರು! ಕೊನೆಯದಾಗಿ ಒಂದು, ಆಮೇಲೆ ತಲೆ ತಿನ್ನುವುದಿಲ್ಲ. ಆ ಕಾಲದ್ದು ಈಗ ನೋಡುವುದಕ್ಕೆ ಏನಾದರೂ ಉಳಿದಿದೆಯಾ?

ಹಳೇಬೂಟು:

ಇದೆ. ಮೆಮೋರಿಯಲ್ ಗ್ರೌಂಡ್ಸ್ ಜಾಗ ಈಗಲೂ ಸಾರ್ವಜನಿಕ ಆಟದ ಮೈದಾನ, ವೆಸ್ಟ್ ಹ್ಯಾಮ್ ನಿಲ್ದಾಣದಲ್ಲಿ ಇಳಿದರೆ ಹತ್ತಿರವೇ. ‘ವಾರಿಯರ್’ ಹಡಗು ಪೋರ್ಟ್ಸ್‌ಮತ್ ಬಂದರಿನಲ್ಲಿ ನಿಂತಿದೆ, ಟಿಕೆಟ್ ತೆಗೆದುಕೊಂಡು ಒಳಗೇ ಹೋಗಿ ನೋಡಬಹುದು. ಹೋದರೆ ರಿವೆಟ್ಟುಗಳ ಮೇಲೆ ಒಮ್ಮೆ ಕೈಯಾಡಿಸಿ ಬನ್ನಿ.